ನಾಲ್ಕು ಪಿಆರ್ ಕಳಿಸಿದೆ, ಒಂದೂ ಮರ್ಜ್ ಆಗಲಿಲ್ಲ. ಓಪನ್ ಸೋರ್ಸಿನ ಒಳಗೆ ಹೋಗುವುದು ಹೇಗೆ?

ಹೇಮಾವತಿ ದಡ, ಭಾನುವಾರ ರಾತ್ರಿ

ಎಲ್ಲರಿಗೂ ನಮಸ್ಕಾರ. ಹಾಸನದಲ್ಲಿ ಇಂಜಿನಿಯರಿಂಗ್ ಓದುತ್ತಿದ್ದೇನೆ, ಆರನೇ ಸೆಮಿಸ್ಟರ್. "ಓಪನ್ ಸೋರ್ಸಿಗೆ ಕೋಡ್ ಕೊಡು, ಪ್ಲೇಸ್‌ಮೆಂಟಿಗೆ ಒಳ್ಳೇದು" ಅಂತ ಸೀನಿಯರ್ ಒಬ್ಬರು ಹೇಳಿದರು. ಅಂದರೆ ಎಲ್ಲರಿಗೂ ತೆರೆದಿಟ್ಟ ಕೋಡಿಗೆ ನಮ್ಮ ತಿದ್ದುಪಡಿಯನ್ನು ಪಿಆರ್ (ಪುಲ್ ರಿಕ್ವೆಸ್ಟ್) ಆಗಿ ಕಳಿಸುವುದು. ಅವರು ಒಪ್ಪಿ ಸೇರಿಸಿಕೊಂಡರೆ ಅದು ಮರ್ಜ್. ಎರಡು ತಿಂಗಳಿಂದ ಗುದ್ದಾಡುತ್ತಿದ್ದೇನೆ. ಇಲ್ಲಿಯವರೆಗಿನ ಲೆಕ್ಕ ಹೇಳುತ್ತೇನೆ, ಕೇಳಿ.

ಮೊದಲನೇದು ಒಂದು ದೊಡ್ಡ ಪ್ರಾಜೆಕ್ಟು. ಅದರ ರೀಡ್‌ಮೀ ಅನ್ನುವ ಪರಿಚಯದ ಫೈಲಿನಲ್ಲಿ ಎರಡು ಸ್ಪೆಲಿಂಗ್ ತಿದ್ದಿ ಕಳಿಸಿದೆ. ಹತ್ತೇ ನಿಮಿಷಕ್ಕೆ "ಸ್ಪ್ಯಾಮ್" ಅಂತ ಲೇಬಲ್ ಹಚ್ಚಿ ಮುಚ್ಚಿಬಿಟ್ಟರು. ಎರಡನೇದು "ಗುಡ್ ಫಸ್ಟ್ ಇಶ್ಯೂ" ಅಂತ, ಅಂದರೆ ಹೊಸಬರಿಗೆ ಸರಿಹೋಗುತ್ತದೆ ಅಂತ ಗುರುತು ಹಾಕಿದ್ದ ಕೆಲಸ. ನಾನು ಕೋಡ್ ಬರೆದು ಮುಗಿಸುವಷ್ಟರಲ್ಲಿ ಆರು ಜನ ಅದನ್ನೇ ಕಳಿಸಿ ಆಗಿತ್ತು. ಮೂರನೇದಕ್ಕೆ ಐದು ವಾರವಾಯಿತು, ಉತ್ತರವೇ ಇಲ್ಲ. ನಾಲ್ಕನೇದಕ್ಕೆ ಮೂರು ರಾತ್ರಿ ಕೂತಿದ್ದೆ. ಪ್ರಾಜೆಕ್ಟಿಗೆ ಡಾರ್ಕ್ ಮೋಡ್ ಹಾಕಿಕೊಟ್ಟೆ. "ಇದು ನಮಗೆ ಬೇಡ" ಅಂತ ಒಂದೇ ಸಾಲು ಬಂತು.

ಅವತ್ತು ಅತ್ತೂ ಬಿಟ್ಟೆ, ಸುಳ್ಳು ಯಾಕೆ ಹೇಳಲಿ. ನನ್ನ ಇಂಗ್ಲಿಷ್ ಚೆನ್ನಾಗಿಲ್ಲ ಅಂತ ಹೀಗಾಗುತ್ತಿದೆಯಾ? ಅಥವಾ ಇದೆಲ್ಲ ಬೆಂಗಳೂರಿನ ದೊಡ್ಡ ಕಾಲೇಜಿನವರಿಗೆ ಮಾತ್ರವಾ?

ಬೆಲ್ಲದಚ್ಚು

ನಾನು 2019ರಲ್ಲಿ ಕಳಿಸಿದ ಪಿಆರ್ ಇನ್ನೂ ತೆರೆದೇ ಇದೆ. ಪ್ರತಿ ವರ್ಷ ಅದರ ಹುಟ್ಟುಹಬ್ಬಕ್ಕೆ ಒಂದು ಮೈಸೂರ್ ಪಾಕ್ ತಿನ್ನುತ್ತೇನೆ. ಮಗುವಾಗಿದ್ದರೆ ಇಷ್ಟೊತ್ತಿಗೆ ಒಂದನೇ ಕ್ಲಾಸಿಗೆ ಸೇರಿಸಿ ಆಗಿರುತ್ತಿತ್ತು.

ಗಾಣದೆತ್ತು

ಹೇಮಾವತಿ ಅವರೇ, ಬೇಜಾರು ಮಾಡಿಕೊಳ್ಳಬೇಡಿ. ನಾನು ಬಾಗಿಲಿನ ಆ ಕಡೆ ಕೂತಿರುವವನು. ಹತ್ತು ವರ್ಷದಿಂದ ಒಂದು ಸಣ್ಣ ಕೋಡ್ ಲೈಬ್ರರಿಯ ಮೇಂಟೇನರ್, ಅಂದರೆ ಅದನ್ನು ನೋಡಿಕೊಳ್ಳುವವನು. ಸಂಬಳ ಇಲ್ಲ. ಹಗಲು ಬೇರೆ ಕೆಲಸ. ರಾತ್ರಿ ಮಗು ಮಲಗಿದ ಮೇಲೆ ಒಂದು ಗಂಟೆ ಸಿಗುತ್ತದೆ. ಬಂದ ಪಿಆರ್‌ಗಳನ್ನೆಲ್ಲ ಆ ಒಂದು ಗಂಟೆಯಲ್ಲೇ ನೋಡಬೇಕು. ಅಲ್ಲಿಂದ ನಿಮ್ಮ ನಾಲ್ಕನ್ನೂ ನೋಡೋಣ.

ಮೊದಲನೇದು. ನಿಮ್ಮ ತಿದ್ದುಪಡಿ ಸರಿಯಾಗೇ ಇರಬಹುದು. ಆದರೆ ನಿಮಗಿಂತ ಮುಂಚೆ ಬಂದವರು ಆ ಬೀದಿ ಕೆಡಿಸಿಟ್ಟಿದ್ದಾರೆ. ಡಿಜಿಟಲ್‌ಓಷನ್ ಕಂಪನಿ 2014ರಿಂದ ಅಕ್ಟೋಬರ್ ತಿಂಗಳಲ್ಲಿ ಹ್ಯಾಕ್ಟೋಬರ್‌ಫೆಸ್ಟ್ ನಡೆಸುತ್ತಾ ಬಂತು. ಇಷ್ಟು ಪಿಆರ್ ಕಳಿಸಿದರೆ ಟೀ ಶರ್ಟ್ ಕೊಡುತ್ತಿದ್ದರು. 2020ರಲ್ಲಿ ಟೀ ಶರ್ಟಿನ ಆಸೆಗೆ ಜನ ಕಂಡಕಂಡ ರೀಡ್‌ಮೀಗೆಲ್ಲ ಒಂದೊಂದು ಪದ ಸೇರಿಸಿ ಕಳಿಸಿದರು. ಗಲಾಟೆ ಜಾಸ್ತಿಯಾಗಿ, ನಮಗೆ ಬೇಕು ಅಂತ ಒಪ್ಪಿದ ಪ್ರಾಜೆಕ್ಟುಗಳಷ್ಟೇ ಲೆಕ್ಕಕ್ಕೆ ಬರುತ್ತವೆ ಅಂತ ತಿಂಗಳು ಶುರುವಾದ ಕೆಲವೇ ದಿನಕ್ಕೆ ನಿಯಮ ಬದಲಾಯಿಸಬೇಕಾಯಿತು. 2024ರಲ್ಲಿ ಎಕ್ಸ್‌ಪ್ರೆಸ್ ಅನ್ನುವ ಜಾವಾಸ್ಕ್ರಿಪ್ಟ್ ಪ್ರಾಜೆಕ್ಟಿಗೆ ಇದೇ ಗತಿ. ಕೋಡಿನ ಬದಲಾವಣೆಗಳ ಲೆಕ್ಕ ಇಡುವ ಗಿಟ್ ಅನ್ನುವ ಸಾಧನ ಕಲಿಸುವ ಒಂದು ಯೂಟ್ಯೂಬ್ ಪಾಠದಲ್ಲಿ ಅದರ ರೆಪೊವನ್ನು (ಕೋಡ್ ಇಡುವ ಜಾಗ) ಉದಾಹರಣೆಗೆ ತೋರಿಸಿದ್ದರು. ನೋಡಿದ ಹುಡುಗರೆಲ್ಲ ನಿಜವಾದ ರೆಪೊಗೇ ಹೋಗಿ ರೀಡ್‌ಮೀಯಲ್ಲಿ ತಮ್ಮ ಹೆಸರು ಬರೆದು ಪಿಆರ್ ಕಳಿಸಿದರು. ದೇವಸ್ಥಾನದ ಕಂಬದ ಮೇಲೆ ಹೆಸರು ಕೆತ್ತುತ್ತಾರಲ್ಲ, ಹಾಗೆ. ಅವರಲ್ಲಿ ಬಹಳ ಜನ ನಮ್ಮ ದೇಶದವರೇ. ಈಗ ಹೊಸ ಖಾತೆಯಿಂದ ರೀಡ್‌ಮೀ ತಿದ್ದುಪಡಿ ಬಂದರೆ ಪೂರ್ತಿ ಓದದೆ ಮುಚ್ಚುವವರೇ ಹೆಚ್ಚು.

ಎರಡನೇದು. "ಗುಡ್ ಫಸ್ಟ್ ಇಶ್ಯೂ" ಲೇಬಲ್ ಅಂದರೆ ಸಂತೆಯಲ್ಲಿ ಬಿಟ್ಟಿ ಹಂಚುವ ಜಾಗ. ನೂಕುನುಗ್ಗಲು ಇದ್ದೇ ಇರುತ್ತದೆ. ನೀವು ನಿಧಾನ ಅಂತಲ್ಲ.

ಮೂರನೇದು. ಬಾಡಿಗೆ ಮನೆ ಹಿಡಿಯುವ ಮೊದಲು ನಲ್ಲಿಯಲ್ಲಿ ನೀರು ಬರುತ್ತದಾ ಅಂತ ನೋಡುತ್ತೇವೆ ಅಲ್ವಾ? ಕೊನೆಯ ಕಮಿಟ್ (ಕೋಡಿನ ಬದಲಾವಣೆ) ಯಾವಾಗ ಆಗಿದೆ, ಹೊರಗಿನವರು ಕಳಿಸಿದ ಹಿಂದಿನ ಐದು ಪಿಆರ್‌ಗಳಿಗೆ ಏನಾಯಿತು, ಅಷ್ಟು ನೋಡಿಕೊಳ್ಳಿ. ಒಂದು ವರ್ಷದಿಂದ ಯಾರೂ ಓಡಾಡದ ಮನೆಯ ಬಾಗಿಲು ತಟ್ಟಿದರೆ ಯಾರು ತೆಗೆಯಬೇಕು?

ನಾಲ್ಕನೇದರಲ್ಲಿ ಮಾತ್ರ ತಪ್ಪು ನಿಮ್ಮದು. ಮದುವೆ ಮನೆಯ ಅಡುಗೆಕೋಣೆಗೆ ನುಗ್ಗಿ, ಯಾರನ್ನೂ ಕೇಳದೆ ಒಂದು ಹಂಡೆ ಪಾಯಸ ಮಾಡಿಟ್ಟ ಹಾಗೆ. ಪಾಯಸ ಚೆನ್ನಾಗೇ ಇರಬಹುದು. ಆದರೆ ಇನ್ನು ಮುಂದೆ ಅದನ್ನು ಕಾಯುವವರು ಯಾರು? ನೀವು ಡಾರ್ಕ್ ಮೋಡ್ ಕೊಟ್ಟು ಹೋಗುತ್ತೀರಿ. ಅದು ಕೆಟ್ಟಾಗಲೆಲ್ಲ ಸರಿಮಾಡಬೇಕಾದವನು ನಾನು. ದೊಡ್ಡ ಬದಲಾವಣೆಗೆ ಮೊದಲು ಇಶ್ಯೂ, ಅಂದರೆ ಚರ್ಚೆಯ ಪುಟ, ತೆರೆದು "ಇದು ಬೇಕಾ, ಮಾಡಲಾ?" ಅಂತ ಕೇಳಿ. ಎರಡು ಸಾಲು ಬರೆದಿದ್ದರೆ ಮೂರು ರಾತ್ರಿಯ ನಿದ್ದೆ ಉಳಿಯುತ್ತಿತ್ತು.

ಇಷ್ಟೆಲ್ಲ ಹೇಳಿದ್ದಕ್ಕಿಂತ ಮುಖ್ಯವಾದ ಒಂದು ಪ್ರಶ್ನೆ ಇದೆ. ಈ ನಾಲ್ಕು ಪ್ರಾಜೆಕ್ಟುಗಳಲ್ಲಿ ನೀವು ದಿನಾ ಬಳಸುವಂಥದ್ದು ಎಷ್ಟು?

ಹೇಮಾವತಿ ದಡ

ಒಂದೂ ಇಲ್ಲ ಸರ್. ಯಾವುದಕ್ಕೆ ಜನ ಮೆಚ್ಚಿ ಕೊಟ್ಟ ಸ್ಟಾರ್ ಜಾಸ್ತಿ ಇತ್ತೋ ಅದನ್ನು ಆರಿಸಿಕೊಂಡೆ.

ಜೋಳದರೊಟ್ಟಿ

ನಾನು ಸ್ವಲ್ಪ ಕಹಿ ಮಾತಾಡುತ್ತೇನೆ, ಕ್ಷಮಿಸಿ. ಇಷ್ಟೆಲ್ಲ ಯಾಕೆ ಬೇಕು ತಂಗಿ? ಹನ್ನೆರಡು ವರ್ಷದಿಂದ ಈ ಕ್ಷೇತ್ರದಲ್ಲಿದ್ದೇನೆ, ಹುಬ್ಬಳ್ಳಿಯಲ್ಲಿ ಶುರು ಮಾಡಿ ಈಗ ಪುಣೆ. ಇಂಟರ್‌ವ್ಯೂನಲ್ಲಿ ನನ್ನ ಕೋಡ್ ಇರುವ ಗಿಟ್‌ಹಬ್ ಪುಟ ತೆಗೆದು ನೋಡಿದವರು ಇಬ್ಬರೇ. ಹಿಂದೆ ಒಂದು ಕಂಪನಿಯಲ್ಲಿದ್ದಾಗ ನಾನು ಭಾನುವಾರ ಮನೆಯಲ್ಲಿ ಕೂತು ಬರೆದ ಕೋಡನ್ನು ಅಳಿಸು ಅಂದರು. ನೇಮಕಾತಿ ಪತ್ರದಲ್ಲಿ "ಉದ್ಯೋಗದ ಅವಧಿಯಲ್ಲಿ ಬರೆದದ್ದೆಲ್ಲ ಕಂಪನಿಯದು" ಅಂತ ಒಂದು ಸಾಲಿತ್ತು. ಸಹಿ ಹಾಕುವಾಗ ನಾನು ಓದಿರಲಿಲ್ಲ. ನೀವು ಓದಿ. ಅನುಮತಿಯನ್ನು ಮೇಲ್‌ನಲ್ಲಿ, ಬರಹದಲ್ಲಿ ತೆಗೆದುಕೊಳ್ಳಿ.

ಇನ್ನು ದುಡ್ಡಿನ ವಿಷಯ. 2014ರಲ್ಲಿ ಓಪನ್‌ಎಸ್‌ಎಸ್‌ಎಲ್‌ನ ಹಾರ್ಟ್‌ಬ್ಲೀಡ್ ದೋಷ ಹೊರಬಂದಾಗ ಅರ್ಧ ಇಂಟರ್ನೆಟ್ಟಿನ ಬೀಗ ಈ ಓಪನ್ ಸೋರ್ಸ್ ಭದ್ರತಾ ಲೈಬ್ರರಿಯ ಕೈಯಲ್ಲಿತ್ತು. ಅದಕ್ಕೆ ವರ್ಷಕ್ಕೆ ಬರುತ್ತಿದ್ದ ದೇಣಿಗೆ ಸುಮಾರು 2,000 ಡಾಲರ್. 2021ರ ಡಿಸೆಂಬರಿನಲ್ಲಿ, ಪ್ರೋಗ್ರಾಂ ಓಡುವಾಗ ನಡೆದದ್ದನ್ನು ದಾಖಲಿಸುವ ಲಾಗ್‌ಫೋರ್‌ಜೆ ಲೈಬ್ರರಿಯಲ್ಲಿ ದೋಷ ಬಂದಾಗ ರಾತ್ರಿಯಿಡೀ ಕೂತು ಸರಿಮಾಡಿದವರೂ ಬಿಡುವಿನಲ್ಲಿ ಕೆಲಸ ಮಾಡುವ ಸ್ವಯಂಸೇವಕರೇ. ಸಾವಿರಾರು ಕೋಟಿಯ ಕಂಪನಿಗಳು ಅದರ ಮೇಲೆ ಮನೆ ಕಟ್ಟಿಕೊಂಡು ಕೂತಿದ್ದವು. ನಾವು ಬಿಟ್ಟಿ ಕೂಲಿ.

ಗಾಣದೆತ್ತು

ರೊಟ್ಟಿ ಅವರೇ, ನೀವು ಹೇಳಿದ್ದರಲ್ಲಿ ಸುಳ್ಳಿಲ್ಲ. ಅದಕ್ಕೆ ಇನ್ನೊಂದು ಸೇರಿಸುತ್ತೇನೆ. ಎಕ್ಸ್‌ಝಡ್ ಕಥೆ ಈ ಹುಡುಗಿಗೂ ಗೊತ್ತಿರಲಿ.

ಫೈಲ್ ಕುಗ್ಗಿಸುವ ಸಣ್ಣ ಸಾಧನ ಅದು. ಲಿನಕ್ಸ್ ಇರುವ ಕಡೆಯೆಲ್ಲ ಇರುತ್ತದೆ. ನೋಡಿಕೊಳ್ಳುತ್ತಿದ್ದವರು ಬಹುತೇಕ ಒಬ್ಬರೇ. ಅವರಿಗೆ ಆಯಾಸ, ಮನಸ್ಸಿನ ಆರೋಗ್ಯದ ತೊಂದರೆ ಬೇರೆ. "ಯಾಕಿಷ್ಟು ನಿಧಾನ, ಬೇರೆಯವರಿಗೆ ಬಿಟ್ಟುಕೊಡಿ" ಅಂತ 2022ರಲ್ಲಿ ಕೆಲವು ಖಾತೆಗಳು ಅವರ ಬೆನ್ನು ಬಿದ್ದವು. ಅದೇ ಹೊತ್ತಿಗೆ ಜಿಯಾ ಟ್ಯಾನ್ ಅನ್ನುವ ಹೆಸರಿನ ಒಬ್ಬ ಒಳ್ಳೊಳ್ಳೆಯ ಪ್ಯಾಚ್ (ಕೋಡಿನ ತಿದ್ದುಪಡಿ) ಕಳಿಸುತ್ತಾ, ನಯವಾಗಿ ಮಾತಾಡುತ್ತಾ ಹತ್ತಿರವಾದ. ಎರಡು ವರ್ಷಕ್ಕೂ ಹೆಚ್ಚು ಕಾಲ ನಂಬಿಕೆ ಗಳಿಸಿ, 5.6.0 ಮತ್ತು 5.6.1 ಆವೃತ್ತಿಗಳಲ್ಲಿ ಕದ್ದು ನುಗ್ಗಲು ಹಿಂಬಾಗಿಲು ಇಟ್ಟ. ಸಿಕ್ಕಿಬಿದ್ದದ್ದು ಹೇಗೆ ಗೊತ್ತಾ? ಆಂಡ್ರೆಸ್ ಫ್ರಾಯಿಂಡ್ ಅನ್ನುವ ಪೋಸ್ಟ್‌ಗ್ರೆಸ್ ಡೇಟಾಬೇಸಿನ ಡೆವಲಪರ್‌ಗೆ, ದೂರದ ಕಂಪ್ಯೂಟರಿನೊಳಗೆ ಹೋಗುವ ಎಸ್‌ಎಸ್‌ಎಚ್ ಲಾಗಿನ್ ಅರ್ಧ ಸೆಕೆಂಡ್ ತಡವಾಗುತ್ತಿದೆ ಅನ್ನಿಸಿತು. ಸುಮ್ನೆ ಬಿಡಲಿಲ್ಲ, ಅಗೆದರು. 2024ರ ಮಾರ್ಚ್ 29ರಂದು ಲೋಕಕ್ಕೆ ತಿಳಿಸಿದರು.

ಅವತ್ತಿನಿಂದ ಹೊಸಬರು ಸಿಹಿಯಾಗಿ ಮಾತಾಡಿದರೂ ನಮಗೆ ಅನುಮಾನ, ಜೋರು ಮಾಡಿದರೂ ಅನುಮಾನ. ಏನು ಮಾಡುವುದು ಹೇಳಿ.

ದುಡ್ಡು ಪೂರ್ತಿ ಇಲ್ಲ ಅಂತೇನೂ ಇಲ್ಲ. ಬೆಂಗಳೂರಿನ ಷೇರು ವ್ಯವಹಾರದ ಕಂಪನಿ ಝೆರೋಧಾ 2024ರಲ್ಲಿ ಫ್ಲಾಸ್ ಫಂಡ್ ಶುರು ಮಾಡಿತು, ವರ್ಷಕ್ಕೆ 10 ಲಕ್ಷ ಡಾಲರ್ ಓಪನ್ ಸೋರ್ಸ್ ಪ್ರಾಜೆಕ್ಟುಗಳಿಗೆ ಕೊಡುವುದಕ್ಕೆ. ಕಲಿಯುವವರಿಗೆ ಗೂಗಲ್ ಸಮ್ಮರ್ ಆಫ್ ಕೋಡ್ ಇದೆ, 2005ರಿಂದ ನಡೆಯುತ್ತಿದೆ. 2022ರಿಂದ ವಿದ್ಯಾರ್ಥಿಗಳೇ ಆಗಿರಬೇಕು ಅಂತಲೂ ಇಲ್ಲ, 18 ತುಂಬಿದ ಹೊಸಬರಾದರೆ ಸಾಕು. ಆದರೆ ನಾನು ಯಾಕೆ ಮಾಡುತ್ತೇನೆ ಅಂತ ಕೇಳಿದರೆ, ನನ್ನ ಲೈಬ್ರರಿ ನನಗೇ ಬೇಕು. ಅಷ್ಟೇ.

ಹಳೇಕೀಲಿಮಣೆ

ಎಲ್ಲರೂ ಕೋಡ್ ಕೋಡ್ ಅನ್ನುತ್ತಿದ್ದೀರಿ. ಅನುವಾದದ ಬಗ್ಗೆ ನಾನೊಂದು ಮಾತು ಹೇಳದಿದ್ದರೆ ನಿದ್ದೆ ಬರುವುದಿಲ್ಲ.

ಫೈರ್‌ಫಾಕ್ಸಿನ ಕನ್ನಡಕ್ಕೆ ಮೊಜಿಲ್ಲಾದ ಪಾಂಟೂನ್ ಅನ್ನುವ ಅನುವಾದದ ತಾಣ ಇದೆ. ಲಿಬ್ರೆಆಫೀಸಿಗೆ ವೆಬ್‌ಲೇಟ್. ವಿಕಿಪೀಡಿಯಾದ ಗುಂಡಿಗಳು, ಸೂಚನೆಗಳು ಎಲ್ಲ ಟ್ರಾನ್ಸ್‌ಲೇಟ್‌ವಿಕಿಯಲ್ಲಿ ಕನ್ನಡವಾಗುತ್ತವೆ. ಗಿಟ್ ಗೊತ್ತಿರಬೇಕಾಗಿಲ್ಲ, ಬ್ರೌಸರಿನಲ್ಲೇ ಕೂತು ಮಾಡಬಹುದು. ಸುಲಭದ ಕೆಲಸ ಅಂತ ಬರುವವರೇ ಬಹಳ. ಎರಡನೇ ದಿನ ತಲೆ ಹಿಡಿದು ಕೂರುತ್ತಾರೆ.

ಒಂದು ಉದಾಹರಣೆ ಕೊಡುತ್ತೇನೆ. ಇಂಗ್ಲಿಷಿನಲ್ಲಿ "ಇಂಥವರಿಗೆ ಕಳಿಸಿ" ಅನ್ನುವ ಸಾಲಿದೆ. ಹೆಸರು ಬರುವ ಜಾಗದಲ್ಲಿ ಪರ್ಸೆಂಟ್ ಗುರುತು ಇರುತ್ತದೆ, ಪ್ರೋಗ್ರಾಂ ಓಡುವಾಗ ಅಲ್ಲಿ ಹೆಸರು ತುಂಬುತ್ತದೆ. ಇಂಗ್ಲಿಷಿಗೆ ತೊಂದರೆಯಿಲ್ಲ, "ಟು" ಹೆಸರಿಗಿಂತ ಮುಂಚೆ ಬೇರೆಯಾಗಿ ನಿಲ್ಲುತ್ತದೆ. ನಮ್ಮಲ್ಲಿ ವಿಭಕ್ತಿ ಹೆಸರಿಗೆ ಅಂಟಿಕೊಳ್ಳಬೇಕು. ರಮೇಶನಿಗೆ, ಸೀತೆಗೆ, ಗುರುವಿಗೆ, ಹಾಸನಕ್ಕೆ. ಪ್ರೋಗ್ರಾಮಿಗೆ ಇದ್ಯಾವುದೂ ಗೊತ್ತಿಲ್ಲ. ಸುಮ್ಮನೆ "ಗೆ" ಹಾಕಿದರೆ "ಹಾಸನ ಗೆ ಕಳಿಸಿ" ಅಂತ ಬರುತ್ತದೆ. ಓದಿದರೆ ಹಲ್ಲಿಗೆ ಕಲ್ಲು ಸಿಕ್ಕಿದ ಹಾಗೆ. ಆಗ ಸಾಲನ್ನೇ ಮುರಿದು ಕಟ್ಟಬೇಕು. "ಸ್ವೀಕರಿಸುವವರು: ರಮೇಶ" ಅಂದುಬಿಟ್ಟರೆ ವಿಭಕ್ತಿಯ ಕಾಟವೇ ಇಲ್ಲ. ಈ ಉಪಾಯ ಯಾವ ಯಂತ್ರವೂ ನನಗೆ ಹೇಳಿಕೊಟ್ಟದ್ದಲ್ಲ, ನೂರು ಸಾಲು ಕೆಡಿಸಿ ಕಲಿತದ್ದು.

ಏಕವಚನ ಬಹುವಚನ ಇನ್ನೊಂದು ತಲೆನೋವು. "3 ಫೈಲುಗಳು" ಅಂತ ಬರೆಯುತ್ತೇವೆ, ಮಾತಿನಲ್ಲಿ "ಮೂರು ಫೈಲ್" ಅನ್ನುತ್ತೇವೆ. ಎಲ್ಲ ಭಾಷೆಯ ಅಕ್ಷರಗಳಿಗೆ ಸಂಕೇತ ಕೊಡುವ ಯೂನಿಕೋಡಿನವರು ಭಾಷೆ ಭಾಷೆಗೆ ಮಾಡಿಟ್ಟ ಸಿಎಲ್‌ಡಿಆರ್ ನಿಯಮದ ಪ್ರಕಾರ ಕನ್ನಡದಲ್ಲಿ ಸೊನ್ನೆಯೂ ಒಂದರ ಗುಂಪಿಗೇ ಸೇರುತ್ತದೆ. ಇಂಗ್ಲಿಷಿನಲ್ಲಿ ಸೊನ್ನೆಗೆ ಬಹುವಚನ. ಇದು ಗೊತ್ತಿಲ್ಲದೆ ಏಕವಚನದ ಜಾಗದಲ್ಲಿ "ಒಂದು ಫೈಲ್ ಇದೆ" ಅಂತ ಅಕ್ಷರದಲ್ಲೇ ಬರೆದುಬಿಟ್ಟರೆ, ಖಾಲಿ ಫೋಲ್ಡರಿನಲ್ಲೂ ಒಂದು ಫೈಲ್ ಇದೆ ಅಂತ ತೋರಿಸುತ್ತದೆ! ನಾನೇ ಮಾಡಿದ್ದೆ. ಮೂರು ತಿಂಗಳು ಯಾರೂ ನೋಡಲಿಲ್ಲ. ಕನ್ನಡದಲ್ಲಿ ಬಳಸುವವರು ಎಷ್ಟು ಜನ ಅನ್ನುವುದಕ್ಕೆ ಅದೇ ಲೆಕ್ಕ.

ಬೆಲ್ಲದಚ್ಚು

ಅಣ್ಣ, "ಕಡತ" ಬಿಟ್ಟು "ಫೈಲ್" ಅಂತ ಯಾವಾಗಿನಿಂದ ಬರೆಯಲು ಶುರು ಮಾಡಿದಿರಿ? ಹಿಂದೆ ಇಲ್ಲೇ ಆ ಪದಕ್ಕಾಗಿ ನನ್ನ ಮೇಲೆ ಕತ್ತಿ ಹಿರಿದಿದ್ದಿರಿ.

ಹಳೇಕೀಲಿಮಣೆ

ಸೋತೆ. ನಮ್ಮ ತಾಲ್ಲೂಕು ಕಚೇರಿಯಲ್ಲಿ "ಫೈಲ್ ಎಲ್ಲಿದೆ" ಅಂತಲೇ ಕೇಳುತ್ತಾರೆ. ಆದರೂ "ಉಳಿಸಿ", "ಅಳಿಸಿ", "ಹುಡುಕಿ" ಇವನ್ನು ಬಿಟ್ಟುಕೊಡುವುದಿಲ್ಲ. "ಸೇವ್ ಮಾಡಿ" ಅಂತ ಯಾರಾದರೂ ಕಳಿಸಿದರೆ ವಾಪಸ್ ಕಳಿಸುತ್ತೇನೆ. ಒಂದೇ ಆ್ಯಪ್‌ನಲ್ಲಿ ಒಂದು ಕಡೆ ಗುಪ್ತಪದ, ಇನ್ನೊಂದು ಕಡೆ ಪಾಸ್‌ವರ್ಡ್, ಮತ್ತೊಂದು ಕಡೆ ಸಂಕೇತಪದ ಇರುವುದಿದೆಯಲ್ಲ, ಅದು ಕೆಟ್ಟ ಪದಕ್ಕಿಂತ ಕೆಟ್ಟದ್ದು. ಯಾವುದಾದರೂ ಒಂದು ಇರಲಿ. ಹಿಂದಿನವರು ಏನು ಬಳಸಿದ್ದಾರೆ ಅಂತ ನೋಡಿ ಬರೆಯಿರಿ.

ಮಿಡಿಮಾವು

ನಾನು ಕೋಡ್ ಬರೆಯುವವಳಲ್ಲ, ಶಿರಸಿ ಕಡೆ ಶಾಲೆಯಲ್ಲಿ ಪಾಠ ಹೇಳುವವಳು. ಆದರೂ ಐದು ವರ್ಷದಿಂದ, ಜನರೇ ಸೇರಿ ನಕ್ಷೆ ಮಾಡುವ ಓಪನ್‌ಸ್ಟ್ರೀಟ್‌ಮ್ಯಾಪ್‌ನಲ್ಲಿದ್ದೇನೆ. ನಕ್ಷೆಯ ಪ್ರತಿ ಊರಿಗೆ ಕನ್ನಡದ ಹೆಸರು ಹಾಕಲು ಬೇರೆಯೇ ಒಂದು ಖಾನೆ ಇದೆ. ನಾನು ಬಂದಾಗ ನಮ್ಮ ಸುತ್ತಿನ ಎಷ್ಟೋ ಹಳ್ಳಿಗಳಿಗೆ ಅದು ಖಾಲಿ. ಕೆಲವು ಕಡೆ ಯಾರೋ ಇಂಗ್ಲಿಷಿನಿಂದ ಯಂತ್ರದ ಕೈಯಲ್ಲಿ ಕನ್ನಡ ಮಾಡಿಸಿ ತುಂಬಿದ್ದರು. ಕಡೂರು "ಕಾದೂರ್" ಆದರೆ ಹೇಗಿರುತ್ತದೆ, ಆ ಜಾತಿಯ ತಪ್ಪುಗಳು. ಇಂಗ್ಲಿಷ್ ಅಕ್ಷರದಲ್ಲಿ ಡ, ದ ಎರಡೂ ಒಂದೇ, ಳ, ಲ ಎರಡೂ ಒಂದೇ. ಊರಿನವರಿಗಷ್ಟೇ ಗೊತ್ತಿರುವ ವಿಷಯ ಇದು. ಬೆಂಗಳೂರಿನ ದೊಡ್ಡ ಕಾಲೇಜಿನವರಿಗೆ ನಿಮ್ಮ ಊರಿನ ಕೆರೆಯ ಹೆಸರು ಗೊತ್ತಿದೆಯಾ?

ಒಂದು ಎಚ್ಚರಿಕೆ. ಗೂಗಲ್ ಮ್ಯಾಪ್ ನೋಡಿ ಕಾಪಿ ಮಾಡಬೇಡಿ. ಲೈಸೆನ್ಸ್ ಒಪ್ಪುವುದಿಲ್ಲ, ಸಿಕ್ಕಿದರೆ ಅಳಿಸಿಹಾಕುತ್ತಾರೆ. ಬಸ್ ಸ್ಟ್ಯಾಂಡಿನ ಬೋರ್ಡು ನೋಡಿ, ಹಿರಿಯರನ್ನು ಕೇಳಿ ಬರೆಯಿರಿ. ನನ್ನ ಏಳನೇ ಕ್ಲಾಸಿನ ಮಕ್ಕಳು ಒಂದು ಶನಿವಾರ ಹೋಗಿ ಹನ್ನೊಂದು ಕೆರೆಯ ಹೆಸರು ಬರೆದುಕೊಂಡು ಬಂದರು. ಅದರಲ್ಲಿ ಎರಡು ಕೆರೆ ಈಗ ಇಲ್ಲ.

ಸಮುದಾಯ ಅಂದರೆ ಜನ ಬೇಕು, ಒಬ್ಬರಿಂದ ಆಗುವುದಿಲ್ಲ. ತುಳು ವಿಕಿಪೀಡಿಯಾ ನೋಡಿ. ಹೊಸ ಭಾಷೆಯ ವಿಕಿಯನ್ನು ಮೊದಲು ಬೆಳೆಸುವ ಇನ್‌ಕ್ಯುಬೇಟರಿನಲ್ಲಿ ವರ್ಷಗಟ್ಟಲೆ ಇತ್ತು. ಅಲ್ಲಿಂದ ಹೊರಬರಬೇಕಾದರೆ ಒಂದಷ್ಟು ಜನ ತಿಂಗಳು ತಿಂಗಳು ಬಿಡದೆ ಬರೆಯುತ್ತಿರಬೇಕು. 2016ರಲ್ಲಿ ಹೊರಬಂತು.

ಸೋನೆಮಳೆ

ಇಂಗ್ಲಿಷ್ ಬಗ್ಗೆ ಕೇಳಿದ್ದಿರಿ, ಅದಕ್ಕೆ ನಾನು ಉತ್ತರ ಹೇಳುತ್ತೇನೆ. ಈಗ ಜರ್ಮನಿಯಲ್ಲಿದ್ದೇನೆ. ನನ್ನ ಜೊತೆ ಕೋಡ್ ನೋಡುವವರಲ್ಲಿ ಅರ್ಧ ಜನರ ಇಂಗ್ಲಿಷ್ ನಿಮಗಿಂತ ಕೆಟ್ಟದಾಗಿದೆ. ಯಾರೂ ಅದನ್ನು ಲೆಕ್ಕಕ್ಕೆ ಇಡುವುದಿಲ್ಲ.

ತೊಂದರೆ ಬೇರೆ ಕಡೆ ಇದೆ. ನಾವು ಶಾಲೆಯಲ್ಲಿ ಕಲಿತ ರಜಾ ಅರ್ಜಿಯ ಇಂಗ್ಲಿಷನ್ನೇ ಇಲ್ಲೂ ಬರೆಯುತ್ತೇವೆ. "ರೆಸ್ಪೆಕ್ಟೆಡ್ ಸರ್, ಕೈಂಡ್ಲಿ ಡು ದಿ ನೀಡ್‌ಫುಲ್." ಆ ಕಡೆ ಇರುವವರು ಹೆಂಗಸಾಗಿರಬಹುದು, ಹದಿನೇಳರ ಹುಡುಗನೂ ಆಗಿರಬಹುದು. ಎಲ್ಲರನ್ನೂ ಹೆಸರು ಹಿಡಿದು ಕರೆಯುವುದೇ ಅಲ್ಲಿನ ಪದ್ಧತಿ, ಅಗೌರವ ಅಂತ ಯಾರೂ ತಿಳಿಯುವುದಿಲ್ಲ. ನನಗೆ ಇದು ರೂಢಿಯಾಗಲು ಒಂದು ವರ್ಷ ಬೇಕಾಯಿತು. ನಮ್ಮ ಅಪ್ಪನ ವಯಸ್ಸಿನವರನ್ನು ಬರೀ ಹೆಸರಿನಿಂದ ಕರೆಯುವಾಗ ಈಗಲೂ ಕೈ ಒಂದು ಕ್ಷಣ ನಿಲ್ಲುತ್ತದೆ.

ಇನ್ನೊಂದು, ಪ್ರತಿ ಇಶ್ಯೂ ಕೆಳಗೆ "ಪ್ಲೀಸ್ ಅಸೈನ್ ಮಿ" ಅಂತ ಬರೆದು ಕಾಯುವ ಅಭ್ಯಾಸ. ಬಿಟ್ಟುಬಿಡಿ. "ನಾನು ಈ ಫೈಲಿನಲ್ಲಿ ಇದನ್ನು ನೋಡಿದೆ, ಕಾರಣ ಇದಿರಬಹುದು ಅನ್ನಿಸುತ್ತದೆ" ಅಂತ ಎರಡು ಸಾಲು ಬರೆದರೆ ನೀವು ಮನೆಯೊಳಗೆ ಬಂದ ಹಾಗೆಯೇ.

ಎಐ ಕೈಯಲ್ಲಿ ಬರೆಸಿ ಹಾಗೇ ಅಂಟಿಸುವುದನ್ನಂತೂ ಮಾಡಲೇಬೇಡಿ. ಇಂಟರ್ನೆಟ್ಟಿನಲ್ಲಿ ಡೇಟಾ ಸಾಗಿಸುವ ಕರ್ಲ್ ಪ್ರಾಜೆಕ್ಟಿನ ಡೇನಿಯಲ್ ಸ್ಟೆನ್‌ಬರ್ಗ್ ಈ ವಿಷಯಕ್ಕೆ ಎಷ್ಟು ಬರೆದಿದ್ದಾರೆ ನೋಡಿ. ಭದ್ರತೆಯ ದೋಷ ಹುಡುಕಿದವರಿಗೆ ಬಹುಮಾನ ಕೊಡುತ್ತಿದ್ದರು. ಓದಲು ಚೆಂದ, ಒಳಗೆ ಪೊಳ್ಳು, ಅಂಥ ವರದಿಗಳು ಬಂದು ಬಂದು ಸಾಕಾಗಿ 2026ರ ಜನವರಿ ಕೊನೆಗೆ ಬಹುಮಾನವನ್ನೇ ನಿಲ್ಲಿಸಿದರು. ನಿಮ್ಮ ಮುರುಕು ಇಂಗ್ಲಿಷಿನಲ್ಲಿ ಬರೆದರೆ ಮನುಷ್ಯರು ಅಂತಾದರೂ ಗೊತ್ತಾಗುತ್ತದೆ!

ಹೇಮಾವತಿ ದಡ, ಎರಡು ದಿನ ಬಿಟ್ಟು

ಎಲ್ಲರಿಗೂ ಥ್ಯಾಂಕ್ಸ್. ಎಲ್ಲವನ್ನೂ ಎರಡು ಸಲ ಓದಿದೆ. ದಿನಾ ಬಳಸುವುದು ಏನು ಅಂತ ಯೋಚಿಸಿದೆ. ಫೋನಿನಲ್ಲಿ ಒಂದು ಕನ್ನಡ ನಿಘಂಟಿನ ಆ್ಯಪ್ ಇದೆ. ತಂಗಿಗೆ ಪಾಠ ಹೇಳಿಕೊಡುವಾಗ ಬಳಸುತ್ತೇನೆ. ಕೋಡ್ ತೆರೆದೇ ಇದೆ ಅಂತ ಇವತ್ತೇ ಗೊತ್ತಾಗಿದ್ದು. ಅದರಲ್ಲಿ ಒಂದು ವಿಚಿತ್ರ ಇದೆ. "ರ‍್ಯಾಂಕ್" ಅನ್ನುವ ಪದ ಪಟ್ಟಿಯಲ್ಲಿ ಕಣ್ಣಿಗೆ ಕಾಣುತ್ತದೆ. ಹುಡುಕಿದರೆ ಸಿಗುವುದಿಲ್ಲ! ನನ್ನ ಕೀಬೋರ್ಡಿನಲ್ಲಿ ಟೈಪ್ ಮಾಡಿದರೆ "ರ್ಯಾಂಕ್" ಅಂತ ಬರುತ್ತದೆ. ಇದು ಬಗ್ಗೋ, ನನ್ನ ಕೀಬೋರ್ಡ್ ತಪ್ಪೋ?

ಹಳೇಕೀಲಿಮಣೆ

ಅಮ್ಮಾ ತಾಯಿ, ಬಂಗಾರದ ಬಗ್ ಹಿಡಿದಿದ್ದೀಯ!

ರಕಾರದ ಒತ್ತಿನ ಸಮಸ್ಯೆ ಇದು. ಯೂನಿಕೋಡಿನಲ್ಲಿ ರ, ಹಲಂತ, ಯ ಸಾಲಾಗಿ ಬಂದರೆ ಅರ್ಕಾವತ್ತು ಮೂಡುತ್ತದೆ, "ಸೂರ್ಯ"ದಲ್ಲಿ ಇರುವ ಹಾಗೆ. ಅದು ಬೇಡ, ರ ಮೇಲಿರಬೇಕು, ಯ ಕೆಳಗೆ ಒತ್ತಾಗಬೇಕು ಅಂದರೆ, ರ ಆದ ಮೇಲೆ ಕಣ್ಣಿಗೆ ಕಾಣದ ಒಂದು ಅಕ್ಷರ ಇಡಬೇಕು. ಅದರ ಹೆಸರು ಝೀರೋ ವಿಡ್ತ್ ಜಾಯ್ನರ್. ನಿಘಂಟಿನಲ್ಲಿರುವ "ರ‍್ಯಾಂಕ್" ಪದದಲ್ಲಿ ಅದಿದೆ, ನೀನು ಟೈಪ್ ಮಾಡಿದ್ದರಲ್ಲಿ ಇಲ್ಲ. ಓದುವವರಿಗೆ ಎರಡೂ ಒಂದೇ ಪದ. ಕಂಪ್ಯೂಟರಿಗೆ ಒಂದು 8 ಅಕ್ಷರ, ಇನ್ನೊಂದು 7.

ಇದರ ಅಣ್ಣ ಒಬ್ಬನಿದ್ದಾನೆ, ಝೀರೋ ವಿಡ್ತ್ ನಾನ್ ಜಾಯ್ನರ್. "ಸಾಫ್ಟ್‌ವೇರ್" ಬರೆಯುವಾಗ ಟಕಾರಕ್ಕೆ ವಕಾರ ಒತ್ತಾಗದ ಹಾಗೆ ತಡೆಯುವವನು. ಕೆಲವರು ಹಾಕುತ್ತಾರೆ, ಕೆಲವರು ಹಾಕುವುದಿಲ್ಲ. ಅಲ್ಲೂ ಹುಡುಕಾಟ ಕೆಡುತ್ತದೆ. ಮೂರನೆಯದಾಗಿ, "ಕೊ" ಅನ್ನುವುದನ್ನು ಕಕಾರಕ್ಕೆ ಒಂದೇ ಸ್ವರಚಿಹ್ನೆ ಹಾಕಿಯೂ ಬರೆಯಬಹುದು, ಎತ್ವ ಮತ್ತು ಕೊಂಬಿನ ದೀರ್ಘ ಎರಡನ್ನೂ ಸೇರಿಸಿಯೂ ಬರೆಯಬಹುದು. ಕಾಣುವುದು ಒಂದೇ. ಇದಕ್ಕೆ ಎರಡನ್ನೂ ಒಂದೇ ರೂಪಕ್ಕೆ ತರುವ ಎನ್‌ಎಫ್‌ಸಿ ನಾರ್ಮಲೈಸೇಷನ್ ಅಂತ ಸಿದ್ಧ ಮದ್ದಿದೆ. ಆದರೆ ಕಾಣದ ಅಕ್ಷರಗಳನ್ನು ಅದು ತೆಗೆಯುವುದಿಲ್ಲ. ಅವನ್ನು ನೀನೇ ತೆಗೆಯಬೇಕು, ಹುಡುಕುವ ಪದದಿಂದಲೂ, ಪಟ್ಟಿಯ ಪದದಿಂದಲೂ. ಹೋಲಿಸುವಾಗ ಮಾತ್ರ ತೆಗಿ. ತೋರಿಸುವ ಪದವನ್ನು ಮುಟ್ಟಬೇಡ.

ಸುಮ್ನೆ ಒಂದು ಕಥೆ. ಹಳಗನ್ನಡದ ೞ ಅಕ್ಷರಕ್ಕೆ ಯೂನಿಕೋಡಿನಲ್ಲಿ ತಪ್ಪಾಗಿ "ಫ" ಅನ್ನುವ ಅರ್ಥದ ಹೆಸರು ಬಿದ್ದುಬಿಟ್ಟಿದೆ. ಒಮ್ಮೆ ಕೊಟ್ಟ ಹೆಸರನ್ನು ಬದಲಾಯಿಸುವುದಿಲ್ಲ ಅನ್ನುವುದು ಅವರ ನಿಯಮ. ಹಾಗಾಗಿ ಸರಿಯಾದ ಹೆಸರನ್ನು ಪಕ್ಕದಲ್ಲಿ ಅಡ್ಡಹೆಸರಾಗಿ ಬರೆದಿದ್ದಾರೆ. ಕನ್ನಡ ಬಲ್ಲ ಒಬ್ಬರು ಆ ಹೊತ್ತಿನಲ್ಲಿ ಪಟ್ಟಿಯನ್ನು ಗಮನವಿಟ್ಟು ನೋಡಿದ್ದರೆ ಸಾಕಿತ್ತು. ನನಗೆ ಈಗಲೂ ಹೊಟ್ಟೆ ಉರಿಯುತ್ತದೆ.

ಗಾಣದೆತ್ತು

ಕೋಡ್ ಬರೆಯುವ ಮೊದಲು ಇಶ್ಯೂ ತೆರೆಯಿರಿ. ಏನು ಟೈಪ್ ಮಾಡಿದಿರಿ, ಏನು ಬರಬೇಕಿತ್ತು, ಏನು ಬಂತು, ಯಾವ ಕೀಬೋರ್ಡು, ಆ್ಯಪ್‌ನ ಯಾವ ಆವೃತ್ತಿ. ಪಾಯಸ ಮರೆಯಬೇಡಿ.

ಹೇಮಾವತಿ ದಡ, ಮೂರು ವಾರದ ನಂತರ

ಮರ್ಜ್ ಆಯಿತು!!

ಇಶ್ಯೂ ಹಾಕಿ ನಾಲ್ಕು ದಿನಕ್ಕೆ ಉತ್ತರ ಬಂತು. ಮೇಂಟೇನರ್ ಕನ್ನಡದವರಲ್ಲ, ನಿಘಂಟಿನ ಡೇಟಾ ಸಿಕ್ಕಿದ್ದರಿಂದ ಹಲವು ಭಾಷೆಗೆ ಒಂದೇ ಆ್ಯಪ್ ಮಾಡಿದ್ದಾರೆ. ಕಾಣದ ಅಕ್ಷರದ ವಿಷಯ ಅವರಿಗೆ ಗೊತ್ತೇ ಇರಲಿಲ್ಲ. ನಾನು ಹಾಳೆಯ ಮೇಲೆ ಅಕ್ಷರ ಬಿಡಿಸಿ ಬರೆದು ಫೋಟೊ ಹಾಕಿದೆ. ನನ್ನ ಕೋಡ್ ಇದ್ದದ್ದು ಒಂಬತ್ತು ಸಾಲು. ಅದರ ಮೇಲೆ ಅವರ ಕಾಮೆಂಟು ಹದಿನಾಲ್ಕು! ಕೋಡ್ ಸರಿಯಿದೆಯಾ ಅಂತ ತಾನಾಗಿ ಪರೀಕ್ಷಿಸುವ ಟೆಸ್ಟ್ ಬರೆಯಿರಿ ಅಂದರು. "ಸೂರ್ಯ", "ಸೂರ‍್ಯ", "ಸಾಫ್ಟ್‌ವೇರ್", "ಕೊಡೆ" ಎಲ್ಲ ಹಾಕಿ ಬರೆದೆ. ಆಮೇಲೆ ರಿಬೇಸ್ ಮಾಡಿ, ಅಂದರೆ ಈಗಿನ ಕೋಡಿನ ಮೇಲೆ ನಿಮ್ಮ ಬದಲಾವಣೆಯನ್ನು ಮತ್ತೆ ಕೂರಿಸಿ ಅಂದರು. ಅದು ಮಾಡಲು ಹೋಗಿ ನನ್ನ ಬದಲಾವಣೆ ಇದ್ದ ಬ್ರಾಂಚೇ ಮಾಯವಾಯಿತು. ಗಿಟ್‌ನ ರಿಫ್‌ಲಾಗ್ ಅನ್ನುವ ಹಳೆಯ ಹೆಜ್ಜೆಗಳ ದಾಖಲೆ ಇಲ್ಲದಿದ್ದರೆ ನಾನು ಇವತ್ತು ಇಲ್ಲಿ ಬರೆಯುತ್ತಿರಲಿಲ್ಲ.

ಹದಿನಾಲ್ಕು ಕಾಮೆಂಟು ನೋಡಿ ಮೊದಲು ಹೆದರಿದ್ದೆ. ಆಮೇಲೆ ಅನ್ನಿಸಿತು, ನನ್ನ ಲ್ಯಾಬ್ ರೆಕಾರ್ಡನ್ನೂ ಯಾರೂ ಇಷ್ಟು ಗಮನವಿಟ್ಟು ಓದಿಲ್ಲ.

ಈಗ ಇನ್ನೊಂದು ತೊಂದರೆ. ನಿನ್ನೆ ಯಾರೋ ಹೊಸ ಇಶ್ಯೂ ಹಾಕಿದ್ದಾರೆ. ಹುಡುಕಿದ ಪದಕ್ಕೆ ವಾಕ್ಯದೊಳಗೆ ಹಳದಿ ಬಣ್ಣ ಬರುತ್ತದೆ. ವಾಕ್ಯದಲ್ಲಿ ಮುಂಚೆ ಎಲ್ಲಾದರೂ "ಸಾಫ್ಟ್‌ವೇರ್" ಇದ್ದರೆ, ಆಮೇಲಿನ ಪದದ ಹಳದಿ ಒಂದು ಅಕ್ಷರ ಹಿಂದೆ ಸರಿಯುತ್ತಿದೆ. ನನ್ನ ಬದಲಾವಣೆ ಆದ ಮೇಲೆಯೇ ಶುರುವಾಗಿದ್ದು.

ಗಾಣದೆತ್ತು

ಆಹಾ. ಕಾಣದ ಅಕ್ಷರ ತೆಗೆದ ಮೇಲೆ ಸಿಕ್ಕ ಜಾಗದ ಸಂಖ್ಯೆಯನ್ನು ಮೂಲ ವಾಕ್ಯದ ಮೇಲೆ ಹಾಗೇ ಬಳಸಿದ್ದೀರಿ. ತೆಗೆಯುವಾಗಲೇ ಪ್ರತಿ ಅಕ್ಷರಕ್ಕೂ ಅದರ ಹಳೆಯ ಜಾಗ ಯಾವುದು ಅಂತ ಒಂದು ಪಟ್ಟಿ ಇಟ್ಟುಕೊಳ್ಳಿ. ಬಣ್ಣ ಹಚ್ಚುವಾಗ ಆ ಪಟ್ಟಿ ನೋಡಿ. ಎನ್‌ಎಫ್‌ಸಿ ಮಾಡಿದಾಗಲೂ ಉದ್ದ ಬದಲಾಗುತ್ತದೆ, ಅದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಿ. ಮೊದಲು ಆ ಇಶ್ಯೂ ಕೆಳಗೆ "ಇದು ನನ್ನಿಂದ ಆದದ್ದು, ನೋಡುತ್ತಿದ್ದೇನೆ" ಅಂತ ಬರೆದುಬಿಡಿ. ಮೇಂಟೇನರ್ ನೆಮ್ಮದಿಯಾಗಿ ಮಲಗಲಿ.

ಜೋಳದರೊಟ್ಟಿ

ಆ ಆ್ಯಪ್ ಯಾವುದು ತಂಗಿ? ಲಿಂಕ್ ಕಳಿಸು. ನಮ್ಮ ಕಡೆಯ ಪದಗಳು ಅದರಲ್ಲಿ ಇವೆಯಾ ನೋಡಬೇಕು.

ಹೇಮಾವತಿ ದಡ

ಮೆಸೇಜ್ ಮಾಡಿದ್ದೇನೆ ಅಣ್ಣ. ಇಶ್ಯೂ ಕೆಳಗೂ ಬರೆದೆ. ನಾಳೆ ನಾಡಿದ್ದು ಇಂಟರ್ನಲ್ಸ್ ಇದೆ, ಶನಿವಾರ ರಾತ್ರಿ ಕೂರುತ್ತೇನೆ.

ಬೆಲ್ಲದಚ್ಚು

ನನ್ನ 2019ರ ಪಿಆರ್‌ಗೆ ಇವತ್ತು ಒಂದು ಕಾಮೆಂಟ್ ಬಂದಿದೆ. "ರಿಬೇಸ್ ಮಾಡಿ" ಅಂತೆ.